ಊಟಿಗೆ ಹೊರಟ ನಾಯಿಬಂಡಿ

ನಮ್ಮ ಕಾಕಾನ ಕಿವಿಗೆ ಆತನಿಗೆ ಬೇಕಾದದ್ದಷ್ಟೇ ಕೇಳಿಸುತ್ತದೆ. ಇದು ನಾನೊಬ್ಬಳೇ ಹೊರಿಸುತ್ತಿರುವ ಆರೋಪವಲ್ಲ, ಗದಗಿನಿಂದ ಕುವೈತಿನವರೆಗೆ ಹಬ್ಬಿರುವ ನಮ್ಮ ಬಳಗವೆಲ್ಲ ಒಮ್ಮತದಿಂದ ಒಪ್ಪಿದ ಸಂಗತಿ. ಬೇರೆ ಯಾವ ವಿಷಯಕ್ಕೂ ನಮ್ಮವರಲ್ಲಿ ಒಮ್ಮತ ಹುಟ್ಟಿದ್ದಿಲ್ಲ, ಆ ಮಾತು ಬಿಡಿ! ಪಕ್ಕದಲ್ಲೇ ಕೂತು, "ಕಾಕಾ, ಕೆಳಗಿನಿಂದ ನೀರಿನ ಕ್ಯಾನ್ ತರಬೇಕಿತ್ತು" ಎಂದು ಮೂರು ಸಲ ಹೇಳಿ ನೋಡಿ, ಟೀವಿಯಿಂದ ಕಣ್ಣು ಕೀಳುವುದಿಲ್ಲ. ಅದೇ ಕುವೈತಿನ ಮೈದಾನ್ ಹವಲ್ಲಿಯಲ್ಲಿರುವ ನಮ್ಮ ಮೂರನೆಯ ಮಹಡಿಯ ಮನೆಯ ಅಡುಗೆಮನೆಯಲ್ಲಿ ಮಿರ್ಚಿ ಎಣ್ಣೆಗೆ ಬಿದ್ದ ಸದ್ದು, ಕೆಳಗೆ ಕಂಪನಿ ಬಸ್ಸಿನಿಂದ ಇಳಿಯುವಾಗಲೇ ಕೇಳಿಸಿರುತ್ತಿತ್ತು. ಬಾಗಿಲಲ್ಲಿ ಶೂ ಬಿಚ್ಚುತ್ತ ಕೇಳುತ್ತಿದ್ದ ಮೊದಲ ಮಾತೇ, "ಎಷ್ಟ ಮಿರ್ಚಿ ಮಾಡೀರಿ?"

ಕಾಕಾ ಅಂದರೆ ನನ್ನ ಅಪ್ಪನ ತಮ್ಮ, ಇಲ್ಲಿ ನಮ್ಮ ಮನೆಯಲ್ಲೇ ಇದ್ದವನು. ಮೂವತ್ತು ವರ್ಷಕ್ಕೂ ಮಿಕ್ಕಿ ಶುಐಬಾದ ಒಂದು ಕಾರ್ಖಾನೆಯ ಚಿಲ್ಲರ್ ಪ್ಲಾಂಟಿನಲ್ಲಿ ದುಡಿದವನು. ಮನೆಯಷ್ಟು ದೊಡ್ಡ ಯಂತ್ರಗಳು ಹಗಲಿರುಳು ಗುಡುಗುತ್ತ ನೀರನ್ನು ತಣ್ಣಗೆ ಮಾಡಿ ಕಟ್ಟಡಗಳಿಗೆಲ್ಲ ಕಳಿಸುವ ಜಾಗ ಅದು. ಹೊರಗೆ ಬಿಸಿಲು ಐವತ್ತು ಡಿಗ್ರಿ ಮುಟ್ಟಿದಾಗ ಒಳಗಿನ ಸಾಹೇಬರೆಲ್ಲ ಕೋಟು ಹಾಕಿಕೊಂಡು ಕೂರುತ್ತಿದ್ದುದು ನಮ್ಮ ಕಾಕಾನ ಕೃಪೆಯಿಂದ. ಇಂಥವನ ಕೋಣೆಯ ಏಸಿ ಹೇಗಿರಬೇಕು ಹೇಳಿ? ಅದು ತಂಪು ಕೊಡುವುದನ್ನು ನಿಲ್ಲಿಸಿ ಆರು ವರ್ಷವಾಗಿತ್ತು. ಸದ್ದು ಮಾತ್ರ ಹಿಟ್ಟಿನ ಗಿರಣಿಯಂತೆ ಬರುತ್ತಿತ್ತು. ರಿಪೇರಿ ಮಾಡಿಸು ಎಂದು ನಮ್ಮವರು ಹೇಳಿದರೆ, ತಂಪು ಬೇಡ, ಸಪ್ಪಳ ಇದ್ದರೆ ಸಾಕು, ಸಪ್ಪಳವಿಲ್ಲದೆ ನನಗೆ ನಿದ್ದೆ ಹತ್ತುವುದಿಲ್ಲ ಎಂದು ಪ್ಲಾಸ್ಟಿಕ್ ಬೀಸಣಿಗೆ ಹಿಡಿದು ಒಳಗೆ ಹೋಗುತ್ತಿದ್ದ.

ಅದೇ ಪ್ಲಾಂಟಿನಲ್ಲಿ ಆಯುಧಪೂಜೆಯ ದಿನ ಯಾರಿಗೂ ಕಾಣದಂತೆ ಒಂದೊಂದು ಯಂತ್ರದ ಕೆಳಗೆ ಒಂದೊಂದು ನಿಂಬೆಹಣ್ಣು ಇಡುತ್ತಿದ್ದ. ಈಜಿಪ್ಟಿನ ಇಂಜಿನಿಯರು ರೌಂಡಿಗೆ ಬಂದು, ಯಾರೋ ಪುಣ್ಯಾತ್ಮ ಇಟ್ಟಿದ್ದಾನೆಂದು ಅವನ್ನೆಲ್ಲ ಆರಿಸಿ ಚಹಾಕ್ಕೆ ಹಿಂಡಿಕೊಳ್ಳುತ್ತಿದ್ದ. ಆ ಮನುಷ್ಯ ಇವತ್ತಿನವರೆಗೆ ಒಂದು ದಿನವೂ ಕೆಟ್ಟು ನಿಂತದ್ದಿಲ್ಲ ಎಂದು ಕಾಕಾ ಹೆಮ್ಮೆಯಿಂದ ಹೇಳುತ್ತಾನೆ.

ಇನ್ನು ಕಾಕಾನ ಹೆಂಡತಿ, ನಮ್ಮ ಕಾಕು. ಆಕೆ ಗದಗಿನಲ್ಲಿ ಪ್ರಾಥಮಿಕ ಶಾಲೆಯ ಟೀಚರು. ದನಿ ಎಷ್ಟು ಸಣ್ಣದೆಂದರೆ, ಆಕೆಯ ಕ್ಲಾಸಿನ ಮಕ್ಕಳು ಆ ದನಿ ಕೇಳಲಿಕ್ಕೆಂದೇ ಸದ್ದಿಲ್ಲದೆ ಕೂರುತ್ತಿದ್ದರಂತೆ. ಮದುವೆಯಾದ ಹೊಸದರಲ್ಲಿ ಕಾಕಾ ಆಕೆಯನ್ನು ಊಟಿಗೆ ಕರೆದುಕೊಂಡು ಹೋಗುವವನಿದ್ದ. ಬಸ್ಸಿನ ಟಿಕೆಟ್ ಆಗಿತ್ತು, ಕಾಕು ನೀಲಿ ಸ್ವೆಟರ್ ಹೆಣೆದು ಮುಗಿಸಿದ್ದಳು. ಹೊರಡುವ ಹಿಂದಿನ ದಿನ ಕುವೈತಿನ ವೀಸಾ ಬಂತು. ಊಟಿ ಎಲ್ಲಿಗೆ ಓಡಿ ಹೋಗ್ತೈತಿ, ಎರಡು ವರ್ಷ ದುಡಿದು ಬರ್ತೀನಿ ಎಂದು ಹೋದವನು, ಕಾಂಟ್ರಾಕ್ಟ್ ಮುಗಿದಾಗಲೆಲ್ಲ "ಇನ್ನ ಎರಡ ವರ್ಷ" ಎಂದು ಸಹಿ ಹಾಕಿದ. ಕಾಕು ನೌಕರಿ ಬಿಟ್ಟು ಇಲ್ಲಿಗೆ ಬರಲಿಲ್ಲ, ಈತ ನೌಕರಿ ಬಿಟ್ಟು ಅಲ್ಲಿಗೆ ಹೋಗಲಿಲ್ಲ. ವರ್ಷಕ್ಕೊಂದು ತಿಂಗಳ ರಜೆ, ಅದೂ ಬಳಗದ ಮದುವೆ ಮುಂಜಿವೆಗಳಿಗೇ ಖಲಾಸ್!

ಉಳಿದ ಸಂಸಾರವೆಲ್ಲ ಶುಕ್ರವಾರದ ಫೋನಿನಲ್ಲಿ. ಕಾಕಾ ಫೋನ್ ಹಿಡಿದರೆ ಇಡೀ ಬಿಲ್ಡಿಂಗಿಗೆ ಗೊತ್ತಾಗುತ್ತಿತ್ತು. ಮೊದಲು "ಕೇಳಸ್ತೈತೇನ?" ಎಂದು ಒಂದು ಕೂಗು. ಆ ಕಡೆಯಿಂದ ಏನು ಉತ್ತರ ಬರುತ್ತಿತ್ತೋ, ಮತ್ತೆ ಇನ್ನೂ ಜೋರಾಗಿ "ಕೇಳಸ್ತೈತೇನ?" ಆಮೇಲೆ ಇಲ್ಲಿನ ಬಿಸಿಲು, ಅಲ್ಲಿನ ಮಳೆ, ಗ್ಯಾಸ್ ಸಿಲಿಂಡರ್ ಬಂತೋ ಇಲ್ಲವೋ. ಕೊನೆಗೆ ಕಾಕು ಏನೋ ಹೇಳುತ್ತಿದ್ದಳು. ಕಾಕಾ "ಹಾಂ, ಹಾಂ, ಲೈನ್ ಸರಿ ಇಲ್ಲ ನೋಡು, ಇಡ್ತೀನಿ" ಎಂದು ಇಟ್ಟುಬಿಡುತ್ತಿದ್ದ. ಟ್ರಂಕ್‌ಕಾಲಿನ ಕಾಲದಲ್ಲಿ ಲೈನ್ ಸರಿ ಇರಲಿಲ್ಲ, ಒಪ್ಪೋಣ. ಮುಖ ಕಾಣುವ ಮೊಬೈಲ್ ಬಂದ ಮೇಲೂ ಇದೇ ರಾಗ! ಊರಿಗೆ ಬಾ ಎಂದ ಕೂಡಲೇ ಈತನ ಕಿವಿ ಮುಚ್ಚುತ್ತದೆ ಎಂದು ನಾವೆಲ್ಲ ತೀರ್ಪು ಕೊಟ್ಟೆವು.

ತೀರ್ಪು ಕೊಟ್ಟವರಲ್ಲಿ ನಾನೇ ಮುಂದು, ಯಾಕೆಂದರೆ ನನ್ನ ಬಳಿ ಸಾಕ್ಷಿಯಿತ್ತು. ನಾನು ಇಲ್ಲೇ ಜಾಬ್ರಿಯಾದ ಒಂದು ಕ್ಲಿನಿಕ್ಕಿನಲ್ಲಿ ಜನರ ಕಿವಿ ಪರೀಕ್ಷೆ ಮಾಡುವವಳು. ಗಾಜಿನ ಗೂಡಿನೊಳಗೆ ಕೂರಿಸಿ, ಹೆಡ್‌ಫೋನ್ ಹಾಕಿ, ಸಣ್ಣ ಸದ್ದು ಬಿಡುತ್ತೇನೆ. ಕೇಳಿಸಿದರೆ ಅವರು ಗುಂಡಿ ಒತ್ತಬೇಕು. ಒಮ್ಮೆ ಕಾಕಾನನ್ನು ಗೋಗರೆದು ಕರೆದೊಯ್ದೆ. ಅಂದಿನ ಫಲಿತಾಂಶದ ಪ್ರಕಾರ ಆತನ ಕಿವಿ ಬೆಕ್ಕಿನ ಕಿವಿಗಿಂತ ಚುರುಕು! ಅನುಮಾನ ಬಂದು ನೋಡುತ್ತೇನೆ, ನಾನು ಸದ್ದು ಬಿಡುವಾಗ ಅಲುಗುವ ನನ್ನ ಮೊಣಕೈಯನ್ನು ಗಾಜಿನಿಂದ ನೋಡಿ ಒತ್ತುತ್ತಿದ್ದಾನೆ. ಕೇಳಿದ್ದಕ್ಕೆ, "ಮೀಟರ್ ನೋಡಿ ಮಷೀನ್ ನಡಸೂದು ನಮ್ಮ ಕಸಬವಾ" ಎಂದು ಹೆಡ್‌ಫೋನ್ ಕಳಚಿಟ್ಟು ಹೊರಟ. ಮತ್ತೆ ಆ ಕ್ಲಿನಿಕ್ಕಿನ ಮೆಟ್ಟಿಲು ಹತ್ತಲಿಲ್ಲ. ಇಷ್ಟು ಚಾಲಾಕಿ ಮಾಡುವವನಿಗೆ ಕಿವಿ ಕೇಳದೇ ಇರುತ್ತದೆಯೇ, ನನ್ನನ್ನು ಆಟ ಆಡಿಸುತ್ತಿದ್ದಾನೆ ಎಂದು ನಾನೂ ನಕ್ಕುಬಿಟ್ಟೆ.

ಹೋದ ಚಳಿಗಾಲಕ್ಕೆ ಕಾಕಾನ ನಿವೃತ್ತಿ ಬಂತು. ಕಂಪನಿಯವರು ಬೀಳ್ಕೊಡುವ ಬದಲು, ಹೊಸ ಚಿಲ್ಲರ್ ಬರುತ್ತಿದೆ, ಬೇಕಿದ್ದರೆ ಇನ್ನೆರಡು ವರ್ಷ ಇರು ಎಂದು ಕಾಗದ ಕೊಟ್ಟರು. ಕಾಕಾ ಅದನ್ನು ಸಹಿ ಹಾಕದೆ ಬ್ಯಾಗಿನಲ್ಲಿಟ್ಟುಕೊಂಡು ಓಡಾಡಿದ. ಮನಸ್ಸಿನೊಳಗೆ ಏನು ನಡೆಯಿತೋ, ಒಂದು ಸಂಜೆ ಬಂದವನೇ, ಸಹಿ ಹಾಕುವ ಮೊದಲು ನಿನ್ನ ಕಾಕುನ ಊಟಿ ಮುಗಿಸಿಬಿಡಬೇಕು ಎಂದ. ಊಟಿ ಅಂದರೆ ಊಟಿಯಲ್ಲ. ಇಷ್ಟು ವರ್ಷ ತಡವಾದದ್ದಕ್ಕೆ ಚಳಿಯೂ ಅಷ್ಟೇ ಜಾಸ್ತಿ ಇರಬೇಕೆಂದು ಫಿನ್ಲೆಂಡ್! ಅಲ್ಲಿ ಹಿಮದ ಮೇಲೆ ನಾಯಿಗಳು ಎಳೆಯುವ ಬಂಡಿಯನ್ನು ನಾವೇ ಹೊಡೆಯಬಹುದಂತೆ. ನೀನೂ ಬಾ, ಅಲ್ಲಿಯವರು ಏನಾದರೂ ಕೇಳಿದರೆ ಉತ್ತರ ಕೊಡಲಿಕ್ಕೆ ಒಬ್ಬರು ಬೇಕು ಎಂದು ನನಗೂ ಟಿಕೆಟ್ ಮಾಡಿಸಿದ.

ಕಾಕು ಬೆಂಗಳೂರಿನಿಂದ ಒಬ್ಬಳೇ ವಿಮಾನ ಹತ್ತಿ ಬಂದಳು. ಹೆಲ್ಸಿಂಕಿಯ ವಿಮಾನ ನಿಲ್ದಾಣದಲ್ಲಿ ಕಾಕಾ, ಹೊರದೇಶದ ಇಂಜಿನಿಯರುಗಳನ್ನು ಕರೆಯಲು ಹೋಗುವಾಗಿನ ಅಭ್ಯಾಸದಂತೆ, ಹೆಂಡತಿಯ ಹೆಸರು ಬರೆದ ರಟ್ಟು ಹಿಡಿದು ನಿಂತಿದ್ದ. ಮಂಕಿ ಟೋಪಿಯೊಳಗೆ ಕಣ್ಣು ಬಿಟ್ಟರೆ ಬೇರೇನೂ ಕಾಣುತ್ತಿರಲಿಲ್ಲ. ಕಾಕು ರಟ್ಟು ಓದಿದಳು, ಯಾರೋ ಡ್ರೈವರ್ ಇರಬೇಕೆಂದು ಕೈಯಲ್ಲಿದ್ದ ಬ್ಯಾಗನ್ನು ಆತನಿಗೆ ಕೊಟ್ಟು, "ಕಾಕಾ ಎಲ್ಲಿ?" ಎಂದು ನನ್ನನ್ನು ಕೇಳಿದಳು! ಬ್ಯಾಗಿನಲ್ಲಿ ಖಡಕ್ ರೊಟ್ಟಿ, ಶೇಂಗಾ ಚಟ್ನಿ ಮತ್ತು ಆ ನೀಲಿ ಸ್ವೆಟರ್. ಸ್ವೆಟರ್ ಈಗ ಆಕೆಯ ಒಂದು ತೋಳಿಗೂ ಹತ್ತುವಂತಿರಲಿಲ್ಲ, ಆದರೂ ತಂದಿದ್ದಳು.

ಮರುದಿನ ಮತ್ತೊಂದು ವಿಮಾನ ಹತ್ತಿ ಇನ್ನೂ ಉತ್ತರಕ್ಕೆ ಹೋದೆವು. ನಾಯಿಗಳಿದ್ದ ಜಾಗ ತಲುಪಿದಾಗ ಕಾಕಾನ ಮುಖ ಅರಳಿತು. ಯಾಕೆಂದಿರಿ? ಸಪ್ಪಳ! ಹೊರಡುವ ಮುಂಚೆ ಆ ನಾಯಿಗಳು ಹಗ್ಗ ಜಗ್ಗುತ್ತ, ನೆಗೆಯುತ್ತ, ಊಳಿಡುತ್ತ ಎಬ್ಬಿಸುವ ಗದ್ದಲದಲ್ಲಿ ಪಕ್ಕದವರ ಮಾತು ಪಕ್ಕದವರಿಗೆ ಕೇಳುವುದಿಲ್ಲ. ನಮಗೆ ದಾರಿ ತೋರಿಸುವ ಹುಡುಗಿ ಅಷ್ಟರಲ್ಲೇ ಗಂಟಲು ಹರಿದುಕೊಂಡು ನಿಯಮ ಹೇಳಿದಳು: ಹಿಂದೆ ನಿಂತವರು ಹಿಡಿಕೆ ಬಿಡಬಾರದು, ನಿಲ್ಲಿಸಲು ಬ್ರೇಕ್ ತುಳಿಯಬೇಕು. ಕಾಕಾ ಎಲ್ಲಕ್ಕೂ ತಲೆಯಾಡಿಸಿದ. ಆಮೇಲೆ ಕೋಟಿನ ಹೊರಜೇಬಿನಿಂದ ಎರಡು ನಿಂಬೆಹಣ್ಣು ತೆಗೆದು, ಗಾಲಿಯಿಲ್ಲದ ಆ ಬಂಡಿಯ ಎರಡು ಪಟ್ಟಿಗಳ ಮುಂದೆ ಒಂದೊಂದು ಇಟ್ಟ. ಹುಡುಗಿ ನನ್ನ ಮುಖ ನೋಡಿದಳು. ನಮ್ಮಲ್ಲಿ ವಾಹನಕ್ಕೆ ಹೀಗೊಂದು ಬ್ರೇಕ್ ಟೆಸ್ಟ್ ಇದೆ ಎಂದು ಹೇಳಿಬಿಟ್ಟೆ, ಬೇರೇನು ಹೇಳಲಿ?

ಕಾಕು ಬಂಡಿಯಲ್ಲಿ ಕಂಬಳಿ ಹೊದ್ದು ಕೂತಳು. ಕಾಕಾ ಹಿಂದೆ ನಿಂತು, ಕಲಿಸಿದ ಪದ ಕೇಳಿಸದೆ, ಮೂವತ್ತು ವರ್ಷದ ರೂಢಿಯಂತೆ, ಹೊರಡಿ ಎನ್ನಲು ಅರಬ್ಬಿಯಲ್ಲಿ "ಯಲ್ಲಾ!" ಎಂದ. ನಾಯಿಗಳು ಜಿಗಿದವು. ಗದಗಿನಲ್ಲಾದರೆ ನಿಂಬೆಹಣ್ಣು ಪಚಕ್ಕನೆ ಒಡೆಯುತ್ತಿತ್ತು. ಇಲ್ಲಿ ಆ ಚಳಿಗೆ ಎರಡೂ ಕಲ್ಲಾಗಿದ್ದವು! ಬಂಡಿ ಗಾಳಿಗೆ ಹಾರಿ, ಒಂದು ಪಕ್ಕಕ್ಕೆ ವಾಲಿ, ಕಾಕುಗೆ ಒಂದು ಸಲ ಆಕಾಶ ತೋರಿಸಿ, ಮತ್ತೆ ನೆಟ್ಟಗಾಗಿ ಓಡತೊಡಗಿತು. ಮುಂದಿನ ಬಂಡಿಯಲ್ಲಿ ಹುಡುಗಿಯ ಜೊತೆ ಕೂತು ತಿರುಗಿ ನೋಡುತ್ತಿದ್ದ ನನ್ನ ಜೀವ ಬಾಯಿಗೆ ಬಂದಿತ್ತು. ಕಾಕಾ ಮಾತ್ರ, ಕೆಟ್ಟ ದೃಷ್ಟಿ ಕಳೆಯಿತು ಎಂಬ ಸಮಾಧಾನದಲ್ಲಿ ನಿಂತಿದ್ದ.

ಆಮೇಲೆ ನನಗೆ ಅಲ್ಲಿಯವರೆಗೆ ಗೊತ್ತಿರದಿದ್ದ ಒಂದು ಸಂಗತಿ ನಡೆಯಿತು. ಓಟ ಶುರುವಾದ ಮರುಕ್ಷಣವೇ ಆ ನಾಯಿಗಳು ಬೊಗಳುವುದನ್ನು ಪೂರ್ತಿ ನಿಲ್ಲಿಸಿಬಿಟ್ಟವು. ಅವುಗಳ ಸ್ವಭಾವವೇ ಹಾಗಂತೆ. ಗಾಳಿ ಇರಲಿಲ್ಲ, ಹಕ್ಕಿ ಇರಲಿಲ್ಲ, ಬಿಳಿ ಹೊದ್ದ ಮರಗಳ ನಡುವೆ ಹಿಮ ಜಾರುವ ಸಣ್ಣ ಸದ್ದು ಬಿಟ್ಟರೆ ಏನೂ ಇಲ್ಲ. ಕಾಕಾ ಗಾಬರಿಯಾಗಿ, "ಏನಾತು, ಪ್ಲಾಂಟ್ ಬಂದ್ ಆತೇನ?" ಎಂದು ಕೂಗಿದ.

ಅರ್ಧ ದಾರಿಯಲ್ಲಿ ಒಂದು ಬಯಲಿನ ಹತ್ತಿರ ನಾಯಿಗಳಿಗೆಂದು ನಿಲ್ಲಿಸಿದೆವು. ಅವು ಹಿಮದಲ್ಲಿ ಹೊರಳಿ ತಣ್ಣಗೆ ಮಲಗಿದವು. ಹುಡುಗಿ ಹಗ್ಗ ನೋಡಲು ಮುಂದೆ ಹೋದಳು. ಹಿಂದಿನ ಬಂಡಿ ಹತ್ತು ಹೆಜ್ಜೆ ದೂರ. ಕಾಕು ರೊಟ್ಟಿ ಮುರಿದ ಸದ್ದು ನನಗೆ ಕೇಳಿಸಿತು. ತಿನ್ನಲೆಂದು ಕಾಕಾ ಮಂಕಿ ಟೋಪಿಯನ್ನು ಹಣೆಯ ಮೇಲಕ್ಕೆ ಸರಿಸಿದ. ಕಾಕು ಹಿಂದೆ ತಿರುಗಲಿಲ್ಲ, ಎದುರಿನ ಬಿಳಿ ಬಯಲನ್ನೇ ನೋಡುತ್ತ, ತನ್ನ ಮಾಮೂಲಿ ಸಣ್ಣ ದನಿಯಲ್ಲಿ ಹೇಳಿದಳು.

"ಈ ಸಲ ಸಹಿ ಹಾಕಬ್ಯಾಡ್ರಿ. ನನಗ ಒಬ್ಬಾಕೀನ ಇದ್ದು ಇದ್ದು ಸಾಕಾಗೇತಿ."

ಈಗ ಲೈನ್ ಸರಿ ಇಲ್ಲ ಎನ್ನುತ್ತಾನೆ ಎಂದು ನಾನು ಕಾದೆ. ಅನ್ನಲಿಲ್ಲ. ಕೈಯಲ್ಲಿನ ರೊಟ್ಟಿ ಕೈಯಲ್ಲೇ ಇತ್ತು.

"ಕೇಳಸ್ತು" ಎಂದ ಕಾಕಾ. ಆಮೇಲೆ, ಹುಟ್ಟಿದಾಗಿನಿಂದ ನಾನು ಕೇಳಿರದ ಮೆತ್ತನೆಯ ದನಿಯಲ್ಲಿ, "ಇಷ್ಟ ವರ್ಷ ಯಾಕ ಹೇಳಲಿಲ್ಲ ನೀ?" ಎಂದ.

"ಪ್ರತಿ ಶುಕ್ರವಾರ ಹೇಳೇನ್ರಿ."

ನಾನು ಮುಖ ಆಚೆ ತಿರುಗಿಸಿಕೊಂಡೆ. ನನ್ನ ಕಣ್ಣಲ್ಲಿ ಬಂದ ನೀರು ರೆಪ್ಪೆಯ ಮೇಲೆ ಹೆಪ್ಪುಗಟ್ಟಿ ಚುಚ್ಚುತ್ತಿತ್ತು.

ಕುವೈತಿಗೆ ಮರಳಿದ ಎರಡನೆಯ ದಿನ ಕಾಕಾ ತಾನೇ ಕ್ಲಿನಿಕ್ಕಿಗೆ ಬಂದ. ಗೂಡಿನೊಳಗೆ ಕೂತು, ಗಾಜಿಗೆ ಬೆನ್ನು ತಿರುಗಿಸಿದ. ಫಲಿತಾಂಶ ಹಾಳೆಯ ಮೇಲೆ ಬಂದಾಗ ನಾನು ತುಂಬ ಹೊತ್ತು ಅದನ್ನೇ ನೋಡಿದೆ. ದಪ್ಪ ಸದ್ದುಗಳೆಲ್ಲ ಆತನಿಗೆ ಕೇಳುತ್ತವೆ. ಸಣ್ಣ, ತೆಳು ಸ್ವರಗಳ ಜಾಗಕ್ಕೆ ಬಂದರೆ ಗೆರೆ ಧಡಕ್ಕನೆ ಕೆಳಗಿಳಿದಿದೆ, ಗುಡುಗುವ ಯಂತ್ರಗಳ ಪಕ್ಕದಲ್ಲಿ ಬದುಕು ಕಳೆದವರಿಗೆ ಇಳಿಯುವ ಹಾಗೆಯೇ. ಕಾಕುನ ದನಿ ಇರುವುದು ಸರಿಯಾಗಿ ಆ ಜಾಗದಲ್ಲಿ. ಆತ ನಾಟಕ ಮಾಡುತ್ತಿರಲಿಲ್ಲ. ಕೇಳಿಸದ್ದನ್ನು ಮತ್ತೆ ಮತ್ತೆ ಕೇಳಲು ನಾಚಿ ಲೈನಿನ ಮೇಲೆ ಹಾಕುತ್ತಿದ್ದ, ಅಷ್ಟೇ. ಮತ್ತೆ ಮಿರ್ಚಿಯ ಸದ್ದು? ಕೇಳಿದೆ. "ಸಪ್ಪಳ ಎಲ್ಲೀದವಾ, ವಾಸನಿ" ಎಂದ. ದಿನಾ ಕಿವಿ ಪರೀಕ್ಷೆ ಮಾಡುವ ನಾನು, ಮನೆಯಲ್ಲೇ ಇದ್ದ ಕಿವಿಯನ್ನು ನೋಡಿ ಇಷ್ಟು ವರ್ಷ ನಕ್ಕಿದ್ದೆ. ಕಿವಿಗೆ ಹಾಕುವ ಯಂತ್ರವನ್ನು ನನ್ನ ಕೈಯಾರೆ ಕೂರಿಸಿದೆ. ಕಂಪನಿಯ ಆ ಕಾಗದವನ್ನು ಆತ ಸಹಿ ಹಾಕದೆಯೇ ಮರಳಿ ಕೊಟ್ಟು, ಆ ತಿಂಗಳೇ ಗದಗಿಗೆ ಹೊರಟುಹೋದ.

ಈಗ ಇಲ್ಲಿ ಕಾಕಾನ ಕೋಣೆಯಲ್ಲಿ ಏಸಿಯ ಗಿರಣಿ ಸದ್ದಿಲ್ಲ. ಶುಕ್ರವಾರ ಫೋನ್ ಮಾಡುವ ಸರದಿ ನನ್ನದು, ಕೂಗುವ ಸರದಿಯೂ ನನ್ನದೇ, ಯಾಕೆಂದರೆ ಆ ಯಂತ್ರ ಎಷ್ಟೋ ಸಲ ಕಿವಿಯ ಬದಲು ಆತನ ಅಂಗಿಯ ಜೇಬಿನಲ್ಲಿರುತ್ತದೆ. ಮೊನ್ನೆಯೂ ಹಾಗೇ ಆಯಿತು. "ಕಾಕಾ, ಕೇಳಸ್ತೈತೇನ?" ಎಂದು ಮೂರು ಸಲ ಕಿರುಚಿದೆ. "ಏನವಾ? ಜೋರ್ ಹೇಳು" ಎಂದ. ಅಷ್ಟರಲ್ಲಿ ಆತನ ಬೆನ್ನ ಹಿಂದೆ, ಅಡುಗೆಮನೆಯ ಕಡೆಯಿಂದ, ನನಗೇ ಸರಿಯಾಗಿ ಕೇಳಿಸದಷ್ಟು ಸಣ್ಣ ದನಿಯೊಂದು "ರೀ" ಎಂದಿತು.

"ಹಾಂ, ಬಂದೆ" ಎಂದು ಕಾಕಾ ಫೋನ್ ಇಟ್ಟುಬಿಟ್ಟ.