ಇಂಡಿಗೆ ಹೊರಟ ನನ್ನ ಬಸ್ಸು

ಹಿಡಿದ ಕೆಲಸ ಬಿಡದ ಗುಣ ನನ್ನದು. ಇದನ್ನು ನಾನೇ ಹೇಳಿಕೊಳ್ಳಬೇಕು. ಮನೆಯಲ್ಲಿ ಈ ಗುಣಕ್ಕೆ ಬೇರೆ ಹೆಸರಿದೆ. ಈ ಸಲ ಹಿಡಿದದ್ದು ಕಂಪ್ಯೂಟರಿನಲ್ಲಿ ಬಸ್ಸು ಓಡಿಸುವ ಆಟವನ್ನು. ಕಾರಣ ಸಣ್ಣದಲ್ಲ. ನಾಗರಪಂಚಮಿಗೆ ನನ್ನ ಹೆಂಡತಿ ಶಾಂತಾ ಇಂಡಿ ಊರಿನ ತವರಿಗೆ ಹೋಗುವ ಮಾತೆತ್ತಿದ್ದಳು. ಅವಳು ಹೋದರೆ ಪುಣೆಯ ಭೋಸರಿಯ ಈ ಮನೆಯಲ್ಲಿ ನನ್ನ ಊಟದ ಗತಿಯೇನು? ನಾನು ಅನ್ನಕ್ಕಿಟ್ಟರೆ ಪಕ್ಕದ ಮನೆಯವರು ಕಿಟಕಿ ಮುಚ್ಚಿಕೊಳ್ಳುತ್ತಾರೆ. ಅದಕ್ಕೇ, "ಈ ವರ್ಷ ಬ್ಯಾಡ. ಇಲ್ಲೇ ಕುಂತು ಇಂಡಿಗೆ ಹೋಗೂಹಂಗ ಮಾಡತೀನಿ" ಎಂದುಬಿಟ್ಟೆ.

"ಮೊದಲ ತೋರಸ್ರಿ, ಆಮ್ಯಾಲ ನೋಡೂಣು" ಎಂದಳು.

ಆಟದಲ್ಲಿದ್ದದ್ದು ಯಾವುದೋ ಹಿಮ ಬೀಳುವ ದೇಶದ ಊರು. ಅದರ ನಿಲ್ದಾಣಗಳಿಗೆಲ್ಲ ನಮ್ಮ ಕಡೆಯ ಹೆಸರಿಟ್ಟೆ. ಚರ್ಚಿನ ಮುಂದೆ ಸೋಲಾಪುರ, ಸೇತುವೆ ದಾಟಿದರೆ ಇಂಡಿ. ಹೆಸರಿಟ್ಟರಷ್ಟೇ ಸಾಲದು. ಪ್ರತಿ ನಿಲ್ದಾಣಕ್ಕೂ ಒಂದು ನಂಬರು, ಬಸ್ಸಿನ ಹಣೆಯ ಮೇಲಿನ ಬೋರ್ಡಿಗೂ ಅದೇ ನಂಬರು ಕೊಡಬೇಕು. ಒಂದು ಕಡೆ ತಪ್ಪಿದರೂ ಬೋರ್ಡು ಖಾಲಿ. ನನ್ನ ಬಸ್ಸು ದಿನಾ ಬೋಳು ಹಣೆಯಲ್ಲೇ ಓಡಿತು. "ಬೋರ್ಡ್ ಇಲ್ಲದ ಬಸ್ ಯಾರ್ ಹತ್ತತಾರ್ರೀ?" ಎಂದಳು ಶಾಂತಾ, ಹಬ್ಬದ ಉಂಡಿಗೆ ಶೇಂಗಾ ಹುರಿಯುತ್ತ. ಒಮ್ಮೆ ಬೋರ್ಡಿನಲ್ಲಿ ಸೋಲಾಪುರ ಎಂದು ಬಂತು, ಬಸ್ಸು ಮಾತ್ರ ಸೀದಾ ಡಿಪೋ ಹೊಕ್ಕಿತು. ಸಿಟ್ಟು ನೆತ್ತಿಗೇರಿತು. ಕಾರ್ಖಾನೆಯಲ್ಲಿ ಊಟದ ಬಿಡುವಿನಲ್ಲೂ ನಂಬರು ತಾಳೆ ನೋಡಿದೆ. ಬಿಡುವ ಮಾತೇ ಇಲ್ಲ.

ಹಬ್ಬ ಹತ್ತಿರ ಬಂದಾಗ ಬೋರ್ಡು ಕೊನೆಗೂ ಹೊಳೆಯಿತು: ಪುಣೆ–ಇಂಡಿ. ಶಾಂತಾಳನ್ನು ಕೂಗಿ ಪಕ್ಕದಲ್ಲಿ ಕೂರಿಸಿಕೊಂಡು ಹೊರಟೆ. ಹಿಮದಲ್ಲೇ ಸೋಲಾಪುರ ದಾಟಿದೆವು, ಸೇತುವೆ ದಾಟಿದೆವು. "ಇಂಡಿ ಬಂತ್ರೀ!" ಎಂದು ಪರದೆ ಮುಟ್ಟಿ ನೋಡಿದಳು. ನನಗೆ ಹಿಗ್ಗೋ ಹಿಗ್ಗು. ಗೆದ್ದೆ ಅಂದುಕೊಂಡೆ.

ಮರುದಿನ ಬೆಳಿಗ್ಗೆ ಬಾಗಿಲಲ್ಲಿ ಅವಳ ಚೀಲವಿತ್ತು.

"ಇಂಡಿ ತೋರಿಸಿದ್ನಲ್ಲ?" ಎಂದೆ.

"ಅದನ್ನ ನೋಡೇ ಅವ್ವನ ನೆನಪು ಭಾಳ ಆತ್ರಿ. ಇನ್ನ ನಿಂದ್ರಾಕ ಆಗೂದಿಲ್ಲ."

"ವಾಪಸ್ ಯಾವಾಗ?"

"ನಿಮ್ಮ ಬಸ್ಸಿಗೇ ವಾಪಸ್ ಬರೂ ಬೋರ್ಡ್ ಇಲ್ಲಲ್ರಿ" ಎಂದು ನಕ್ಕು ಮೆಟ್ಟಿಲಿಳಿದಳು.

ಮಾತು ನಿಜವೇ. ಹೊಸ್ತಿಲು ದಾಟುವಾಗ 'ಹೋಗ್ತೀನಿ' ಅನ್ನಬಾರದು, 'ಹೋಗಿ ಬರ್ತೀನಿ' ಅನ್ನಬೇಕು ಎಂದು ನನ್ನವ್ವ ಜೀವನವಿಡೀ ಹೇಳಿದ್ದಳು. ನಾನು ಬಸ್ಸಿಗೆ ಹೋಗುವುದನ್ನಷ್ಟೇ ಕಲಿಸಿದ್ದೆ. ಈಗ ಪಟ್ಟು ಹಿಡಿದು ಇಂಡಿ–ಪುಣೆ ನಂಬರು ಹೊಂದಿಸುತ್ತಿದ್ದೇನೆ. ಬೋರ್ಡು ಇನ್ನೂ ಖಾಲಿ. ಒಲೆಯ ಮೇಲೆ ಅನ್ನವಿದೆ, ಪಕ್ಕದ ಮನೆಯವರು ಆಗಲೇ ಕಿಟಕಿ ಮುಚ್ಚಿದ್ದಾರೆ.