ಅಳಿಯನ ಆಟವನ್ನು ಅನ್‌ಫಾಲೋ ಮಾಡಿದ ಪ್ರಕರಣ

ಎದುರಿಗೆ ಬಂದು ನಿಂತವರಿಗೆ ‘ಬೇಡ’ ಎನ್ನುವ ವಿದ್ಯೆ ನನಗೆ ಈ ವಯಸ್ಸಿನವರೆಗೂ ಒಲಿದಿಲ್ಲ. ವಿಮೆಯವರು ಬಂದರೆ ಕೂಡಿಸಿ ಚಹಾ ಕೊಡುತ್ತೇನೆ. ಅವರು ನನ್ನ ಸಾವಿನಿಂದ ಆಗುವ ಲಾಭಗಳನ್ನು ವಿವರಿಸುವಾಗ ಹೌದು ಹೌದೆಂದು ತಲೆಯಾಡಿಸುತ್ತೇನೆ. ಒಮ್ಮೆ ಬಸ್ಸಿನಲ್ಲಿ ಪಕ್ಕದವರೊಬ್ಬರು ತಮ್ಮ ಕಿಡ್ನಿಯ ಕಲ್ಲಿನ ಕಥೆ ತೆಗೆದರು. ಕಲ್ಲು ಹೊರಗೆ ಬೀಳುವ ಮೊದಲೇ ಎದ್ದು ಹೋಗುವುದು ಮರ್ಯಾದೆಯಲ್ಲವೆಂದು ನಾನು ಬ್ಯಾಡಗಿಯಲ್ಲಿ ಇಳಿಯದೆ ಹಾವೇರಿಯವರೆಗೂ ಹೋಗಿಬಂದೆ. ಮನೆಯಲ್ಲಿ ಇದನ್ನು ದೌರ್ಬಲ್ಯವೆನ್ನುತ್ತಾರೆ, ನಾನು ಸಂಸ್ಕಾರವೆನ್ನುತ್ತೇನೆ. ಇಂಥ ಸಂಸ್ಕಾರವಂತನೊಬ್ಬ ಕಂಪ್ಯೂಟರಿನೊಳಗಿನ ಆಟದಂಗಡಿಗೆ ಕಾಲಿಟ್ಟರೆ ಏನಾಗುತ್ತದೆ ಎಂಬುದನ್ನು ನಿಮ್ಮೆದುರು ನಿವೇದಿಸಿಕೊಳ್ಳುತ್ತಿದ್ದೇನೆ. ಒಂದೇ ವಿನಂತಿ: ನಿಮಗೆ ರಾಣೇಬೆನ್ನೂರಿನಲ್ಲಿ ನೆಂಟರಿದ್ದರೆ ಇದನ್ನು ಅವರಿಗೆ ಓದಿ ಹೇಳಬೇಡಿ.

ನನ್ನದು ಬ್ಯಾಡಗಿಯ ಎಪಿಎಂಸಿ ಯಾರ್ಡಿನಲ್ಲಿ ಮೆಣಸಿನಕಾಯಿ ದಲಾಲಿ ಅಂಗಡಿ. ಮಗಳು ಸುಧಾಳನ್ನು ಕಳೆದ ಬೇಸಿಗೆಯಲ್ಲಿ ರಾಣೇಬೆನ್ನೂರಿನ ಬೀಜದ ವ್ಯಾಪಾರಿಗಳ ಮನೆಗೆ ಕೊಟ್ಟೆವು. ಹುಡುಗನ ಹೆಸರು ಮಂಜುನಾಥ. ಕೆಳಗೆ ಅಂಗಡಿಯಲ್ಲಿ ಅವರಪ್ಪ ಟೊಮೆಟೊ, ಬದನೆಯ ಬೀಜ ಮಾರಿದರೆ, ಮೇಲಿನ ಕೋಣೆಯಲ್ಲಿ ಮಗ ಒಬ್ಬ ಗೆಳೆಯನ ಜೊತೆ ಕುಳಿತು ಕಂಪ್ಯೂಟರ್ ಆಟ ತಯಾರಿಸುತ್ತಾನೆ. ನಿಶ್ಚಯದ ದಿನ ನಮ್ಮ ಹಿರಿಯರು “ಹುಡುಗ ಏನ್ ಮಾಡ್ತಾನ್ರಿ?” ಎಂದು ಕೇಳಿದಾಗ ಬೀಗರು ನೆಲ ನೋಡುತ್ತ, “ಸದ್ಯಕ್ಕ ಬೀಜದ ಅಂಗಡಿ ಅಂತ ಬರ್ಕೋರಿ” ಎಂದಿದ್ದರು. ಸದ್ಯಕ್ಕೆ ಎಂಬ ಆ ಮಾತಿನ ಆಳ ನನಗೆ ಆಮೇಲೆ ತಿಳಿಯಿತು.

ಅಳಿಯನ ಆಟದ ಹೆಸರು ‘ಘಾಟು’. ಅದರಲ್ಲೊಬ್ಬ ಹಮಾಲ ಮೆಣಸಿನಕಾಯಿ ಚೀಲಗಳನ್ನು ಲಾರಿಯಿಂದ ಇಳಿಸಿ, ಕೋಲ್ಡ್ ಸ್ಟೋರೇಜಿನಲ್ಲಿ ಒಂದರ ಮೇಲೊಂದು ಒಟ್ಟಬೇಕು. ನಡುವೆ ಸೀನು ಬಂದರೆ ಒಟ್ಟಿದ್ದೆಲ್ಲ ಕುಸಿದು ಬೀಳುತ್ತದೆ. ಆಟ ಇನ್ನೂ ಪೂರ್ತಿಯಾಗಿರಲಿಲ್ಲ. ಆದರೆ ಕಂಪ್ಯೂಟರಿನೊಳಗಿನ ಆಟದಂಗಡಿಯಲ್ಲಿ ಅದಕ್ಕೊಂದು ಪುಟವಿತ್ತು, ಪುಟದಲ್ಲೊಂದು ‘ಫಾಲೋ’ ಗುಂಡಿಯಿತ್ತು. ಅದನ್ನೊತ್ತಿದವರಿಗೆ ಆಟದ ಸುದ್ದಿ ತಪ್ಪದೆ ಬರುತ್ತದೆ, ಒತ್ತಿದವರು ಎಷ್ಟೆಂಬುದು ಆಟ ಮಾಡಿದವನಿಗೆ ಕಾಣುತ್ತದೆ. ಅಳಿಯ ಮೊದಲ ಸಲ ನಮ್ಮಲ್ಲಿಗೆ ಬಂದಾಗ ನನ್ನ ಅಂಗಡಿಯ ಕಂಪ್ಯೂಟರಿನಲ್ಲಿ, ಅಂದರೆ ನಾನು ಟೆಂಡರಿನ ದರ ನೋಡುವ ಕಂಪ್ಯೂಟರಿನಲ್ಲಿ, ಒಂದು ಖಾತೆ ತೆರೆದು, “ಮಾವಾರ, ನಿಮ್ಮ ಕೈಲೆ ಒಂದ್ ಒತ್ತ್ರಿ, ಚಲೋ ಆಗ್ಲಿ” ಎಂದ. ನಾನು ಎದ್ದು ನಿಂತು, ಚಪ್ಪಲಿ ಬಿಟ್ಟು, ಒತ್ತಿದೆ.

ಇಷ್ಟಕ್ಕೇ ಬಿಟ್ಟಿದ್ದರೆ ಈ ಪ್ರಬಂಧ ಹುಟ್ಟುತ್ತಿರಲಿಲ್ಲ. ಆದರೆ ಅದು ಹೊಸ ಮೆಣಸಿನಕಾಯಿ ಬಾರದ ತಿಂಗಳು, ಯಾರ್ಡಿನಲ್ಲಿ ಕೆಲಸ ಕಡಿಮೆ. ಆಟದಂಗಡಿಯೂ ನಮ್ಮ ಯಾರ್ಡಿನಂತೆಯೇ. ಒಬ್ಬರ ಕಟ್ಟೆ ಹತ್ತಿದರೆ ಪಕ್ಕದ ಕಟ್ಟೆಯವನು ಕೈಬೀಸಿ ಕರೆಯುತ್ತಾನೆ. ‘ಇದು ನಿಮಗೆ ಹಿಡಿಸಬಹುದು’ ಎಂದು ಒಂದು ಆಟ ಬರುತ್ತಿತ್ತು. ಅಷ್ಟು ವಿನಯದಿಂದ ಕೇಳುವವರಿಗೆ ಇಲ್ಲವೆನ್ನಲಾದೀತೆ? ಒತ್ತುತ್ತಿದ್ದೆ. ಹಿಮದಲ್ಲಿ ಮೀನು ಹಿಡಿಯುವ ಆಟ, ಸತ್ತವರಿಗೆ ಹೋಟೆಲು ನಡೆಸುವ ಆಟ, ಮೂರು ತಲೆಯ ಪ್ರಾಣಿಯನ್ನು ಸಾಕುವ ಆಟ ಹೀಗೆ ಕಂಡಕಂಡದ್ದನ್ನೆಲ್ಲ ಫಾಲೋ ಮಾಡಿದೆ. ಒಂದನ್ನೂ ಕೊಳ್ಳಲಿಲ್ಲ, ಆಡಲಿಲ್ಲ. ಆದರೆ ಸುದ್ದಿಗಳು ಬರತೊಡಗಿದವು. ನಾನು ಹಳೆಯ ಕಾಲದವನು. ಬಂದ ಕಾಗದವನ್ನು ಓದದೆ ಇಡುವುದು ಬಂದ ನೆಂಟನಿಗೆ ನೀರು ಕೊಡದಿದ್ದಂತೆ ಎಂದು ನಂಬಿದವನು. ಹೀಗಾಗಿ ದಿನಾ ಬೆಳಿಗ್ಗೆ ಅಂಗಡಿಗೆ ಬಂದು, ದೇವರಿಗೆ ಊದಿನಕಡ್ಡಿ ಹಚ್ಚಿ, ಮೂರು ತಲೆಯ ಪ್ರಾಣಿಯ ನಡುವಿನ ತಲೆಗೆ ಬಂದ ಜ್ವರದ ಸುದ್ದಿಯನ್ನು ಓದಿ ಕಳವಳಪಡುವುದು ನನ್ನ ನಿತ್ಯಕರ್ಮವಾಯಿತು. ಒಮ್ಮೆ ರೈತರೊಬ್ಬರು ದರ ಕೇಳಿದಾಗ, “ಇನ್ನೂ ಇಳದಿಲ್ಲರಿ” ಎಂದೆ. ನಾನು ಹೇಳಿದ್ದು ಜ್ವರ. ಅವರು ಸಂತೋಷದಿಂದ ಕುಳಿತರು.

ಇದನ್ನು ಕಂಡ ನನ್ನ ಹೆಂಡತಿ ಗಿರಿಜಾ ಅಂಗಡಿಯ ಬಾಗಿಲಲ್ಲೇ ನಿಂತು, “ಈ ವಯಸ್ಸಿನ್ಯಾಗ ನಿಮಗಿದು ಬೇಕಾಗಿತ್ತೇನ್ರಿ? ಅಳಿಯಂದು ಒಂದ್ ಇಟ್ಕೊಂಡು ಉಳಿದಿದ್ದೆಲ್ಲಾ ಕಳೀರಿ” ಎಂದಳು. ಸರಿಯಾದ ಮಾತು. ಫಾಲೋ ಮಾಡಿದ ಆಟಗಳೆಲ್ಲ ಸಾಲಾಗಿ ಕಾಣುವ ಪುಟವೊಂದನ್ನು ಹುಡುಕಿ ತೆಗೆದೆ. ಪ್ರತಿಯೊಂದರ ಮುಂದೆ ಫಾಲೋ ತೆಗೆಯುವ ಗುಂಡಿ, ಅದರ ಪಕ್ಕದಲ್ಲಿ ‘ಆಸಕ್ತಿ ಇಲ್ಲ’ ಎಂಬ ಇನ್ನೊಂದು. ಮೊದಲನೆಯದನ್ನು ಮಾತ್ರ ಒತ್ತಿದರೆ ಅವರು ಮತ್ತೆ ಕರೆಯಬಹುದು; ಎರಡನ್ನೂ ಒತ್ತಿದರೆ ಬಾಗಿಲು ಹಾಕಿ ಚಿಲಕ ಹಾಕಿದಂತೆ. ಮೊದಮೊದಲು ಒಂದೊಂದಕ್ಕೂ ಮನಸ್ಸಿನಲ್ಲೇ ಕ್ಷಮೆ ಕೇಳಿದೆ. ಆಮೇಲೆ ಕೈಗೊಂದು ಲಯ ಬಂತು. ನಮ್ಮ ಯಾರ್ಡಿನಲ್ಲಿ ಹೆಣ್ಣುಮಕ್ಕಳು ಮೆಣಸಿನಕಾಯಿಯ ತೊಟ್ಟು ಬಿಡಿಸುವುದನ್ನು ನೋಡಿದವರಿಗೆ ಗೊತ್ತು, ಮಾತು ಎಲ್ಲೋ ಇರುತ್ತದೆ, ಕೈ ತನ್ನ ಪಾಡಿಗೆ ಕಿತ್ತುಕೊಂಡು ಹೋಗುತ್ತದೆ. ಹಾಗೆ ಟಕ್ ಟಕ್, ಟಕ್ ಟಕ್ ಎಂದು ಹೋದವನು ಪುಟ ಖಾಲಿಯಾದಾಗಲೇ ನಿಂತದ್ದು. ಎಂಥ ನೆಮ್ಮದಿ! ಕಾಲು ಚಾಚಿ ಕುಳಿತೆ. ಒಂದನ್ನು ಇಟ್ಟುಕೊಳ್ಳಬೇಕಿತ್ತು ಎಂಬುದು ಚಹಾದ ಎರಡನೆಯ ಗುಟುಕಿಗೆ ನೆನಪಾಯಿತು.

‘ಘಾಟು’ ಎಂದು ಹುಡುಕಿದೆ. ಇಲ್ಲ. ಕನ್ನಡದಲ್ಲಿ, ಇಂಗ್ಲಿಷಿನಲ್ಲಿ, ಎರಡೂ ಬೆರಸಿ ಹುಡುಕಿದೆ. ಆಟದಂಗಡಿ ನನ್ನ ಮಾತನ್ನು ಅಕ್ಷರಶಃ ಪಾಲಿಸಿತ್ತು. ಆಸಕ್ತಿ ಇಲ್ಲವೆಂದಾತನಿಗೆ ಅದನ್ನು ಮತ್ತೆ ತೋರಿಸಿ ನೋಯಿಸುವಷ್ಟು ಅಸಂಸ್ಕೃತ ಅಂಗಡಿ ಅದಲ್ಲ. ಬೇರೆ ಖಾತೆ ತೆರೆಯಹೋದರೆ, ನಿಮ್ಮ ಖಾತೆ ಈಗಾಗಲೇ ಇದೆಯಲ್ಲ ಎಂದಿತು. ಇದನ್ನು ಸರಿಪಡಿಸಬಲ್ಲವನು ನನಗೆ ತಿಳಿದಂತೆ ಜಗತ್ತಿನಲ್ಲಿ ಒಬ್ಬನೇ ಇದ್ದ. ಅವನು ನನ್ನ ಅಳಿಯ.

ಸಂಜೆಗೇ ಅವನ ಫೋನು ಬಂತು. ಧ್ವನಿ ಸೋತಿತ್ತು. “ಮಾವಾರ, ನಮ್ಮ ಆಟದಿಂದ ಒಬ್ಬರು ಬಿಟ್ಟು ಹೋಗ್ಯಾರ.”

ನನ್ನ ಎದೆ ಚೀಲದಂತೆ ಜಾರಿತು. “ಯಾರು ಅಂತ ಹೆಸರು ಕಾಣಸತೈತೇನ್ರಿ?” ಎಂದೆ. ಕೇಳುವಾಗ ನನ್ನ ಧ್ವನಿಯಲ್ಲಿದ್ದ ಆಸಕ್ತಿ ಆ ಅಂಗಡಿಗೆ ಕೇಳಿಸಿದ್ದರೆ ಆಟವನ್ನು ತಾನಾಗಿ ಮರಳಿಸುತ್ತಿತ್ತು.

“ಹೆಸರು ಕಾಣಸಂಗಿಲ್ರಿ. ಒಬ್ರು ಕಡಿಮಿ ಆಗ್ಯಾರ ಅಂತ ಅಷ್ಟಽ.”

“ಕೈ ತಪ್ಪಿ ಒತ್ತಿರಬೇಕು ಬಿಡ್ರಿ, ಪಾಪ.”

“ಕೈ ತಪ್ಪಿದರ ಒಂದ್ ಗುಂಡಿ ಒತ್ತತಾರಿ ಮಾವಾರ. ಇವರು ಎರಡೂ ಒತ್ತ್ಯಾರ. ಆಸಕ್ತಿ ಇಲ್ಲ ಅಂತ ಬ್ಯಾರೆ ಹೇಳಿ ಹೋಗ್ಯಾರ. ಬೇಕಂತಽ ಮಾಡಿದ್ದು. ಅಪ್ಪಾಜಿ ದೀಪಾವಳಿತನಕ ಟೈಮ್ ಕೊಟ್ಟಾರ. ಅಷ್ಟರಾಗ ಮಂದಿ ಹೆಚ್ಚಾಗಲಿಲ್ಲ ಅಂದ್ರ ಕಂಪ್ಯೂಟರ್ ಮುಚ್ಚಿಟ್ಟು ಕೆಳಗ ಬೀಜದ ಗಲ್ಲೇಕ ಕುಂದ್ರು ಅಂದಾರ. ಇಲ್ಲಿ ನೋಡಿದ್ರ ಇದ್ದವರಽ ಹೊಂಟಾರ. ನಿಮಗ ಮಂದಿ ಪರೀಕ್ಷೆ ಐತಿ, ಯಾರಿರಬಹುದು ಹೇಳ್ರಿ. ನನಗ ನಮ್ಮ ಕಾಕಾನ ಮಗನ ಮ್ಯಾಲೆ ಗುಮಾನಿ.”

ಅಪರಾಧಿಯನ್ನು ನ್ಯಾಯಪೀಠಕ್ಕೆ ಕೂಡಿಸಿ ತೀರ್ಪು ಕೇಳಿದರೆ ಅವನು ಏನು ಹೇಳಬೇಕು? ಕಾಕಾನ ಮಗ ಅಂಥವನಲ್ಲವೆಂದೂ, ಇಂಥ ಕೃತ್ಯ ಮಾಡುವವರು ಸಾಮಾನ್ಯವಾಗಿ ದೂರದ ದೇಶದವರಿರುತ್ತಾರೆಂದೂ ಗಂಭೀರವಾಗಿ ಹೇಳಿದೆ. ಆ ದಿನ ಫಾಲೋ ಮಾಡುವವರೆಲ್ಲ ಸೇರಿದರೂ ಮದುವೆಯ ಊಟದ ಒಂದು ಪಂಕ್ತಿ ತುಂಬುವಂತಿರಲಿಲ್ಲ. ಅದರಲ್ಲಿ ಒಬ್ಬ ಎದ್ದು ಹೋದರೆ ಎಲೆ ಎದ್ದು ಕಾಣುತ್ತದೆ. ಪಕ್ಕದಲ್ಲಿ ನಿಂತು ಕೇಳುತ್ತಿದ್ದ ಗಿರಿಜಾ, “ಯಾರ್ರೀ ಅಂವಾ? ನನ್ನ ಮಗಳ ಸಂಸಾರದಾಗ ಕೈ ಹಾಕಿದಂವಾ? ಅವನ ಕೈ ಸೇದಿ ಹೋಗ್ಲಿ, ಅವನ ಮನಿ ಹಾಳಾಗ್ಲಿ!” ಎಂದು ನೆಟಿಗೆ ಮುರಿದಳು. ಆ ಹಾಳಾಗಬೇಕಾದ ಮನೆಯ ಒಲೆಯ ಮೇಲೆ ಅವಳದೇ ಹಾಲು ಉಕ್ಕುತ್ತಿತ್ತು.

ಅಂದಿನಿಂದ ನನ್ನ ನಿದ್ದೆ ಹೋಯಿತು. ಅಳಿಯ ಸಿಟ್ಟಾದರೆ ಮೊದಲ ದೀಪಾವಳಿಗೆ ಬರುವುದಿಲ್ಲ. ಅಳಿಯ ಬಾರದ ಮೊದಲ ದೀಪಾವಳಿಯನ್ನು ನಮ್ಮ ಕಡೆ ಮೂರು ತಲೆಮಾರು ನೆನಪಿಡುತ್ತಾರೆ. ಸಿಟ್ಟು ಹೋಗಲಿ, ಆ ಹುಡುಗ ಮನಸ್ಸಿಟ್ಟು ಮಾಡುವ ಕೆಲಸಕ್ಕೆ ನನ್ನ ಬೆರಳೇ ಬೀಗ ಹಾಕಿದರೆ? ಕಡೆಗೊಂದು ದಿನ, ಹೋದದ್ದು ಒಬ್ಬನಾದರೆ ಬರುವವರು ನೂರಾಗಲಿ ಎಂದು ನಿಶ್ಚಯಿಸಿ ಪಕ್ಕದ ಅಂಗಡಿಯ ಖಾದರಭಾಯಿಯ ಕಟ್ಟೆ ಹತ್ತಿದೆ. ಯಾರ್ಡಿನಲ್ಲಿ ಅವರ ಮಾತಿಗೆ ತೂಕವಿದೆ.

“ಒತ್ತಿದ ಮ್ಯಾಲೆ ಏನ್ ಮಾಡಬೇಕ್ರಿ ಸಾವಕಾರ್ರ?” ಎಂದರು ಖಾದರಭಾಯಿ, ಕನ್ನಡಕ ಏರಿಸಿ.

“ಏನೂ ಮಾಡೂದು ಬ್ಯಾಡ್ರಿ.”

“ಏನೂ ಮಾಡೂದು ಬ್ಯಾಡ ಅಂದ್ರ ಒತ್ತೂದ್ಯಾಕ?”

“ನಮ್ಮ ಅಳಿಯಂದ್ರಿಗೆ ಬಲ ಬರತೈತ್ರಿ.”

“ಹಂಗನ್ರಿ ಮತ್ತ! ಖರೇ ಅಳಿಯಂದ್ರ ಮರ್ಯಾದಿ ಪ್ರಶ್ನೆ. ನಿಮ್ಮ ಅಳಿಯ ಅಂದ್ರ ಯಾರ್ಡಿನ ಅಳಿಯ.” ಅವರು ಒತ್ತಿದರು. ಮನೆಯವರೆಲ್ಲರಿಂದ ಒತ್ತಿಸಿದರು. ಅವರು ಒತ್ತಿದ ಮೇಲೆ ಎದುರು ಸಾಲಿನವರು ಸುಮ್ಮನಿರುತ್ತಾರೆಯೇ? ಹಮಾಲರು, ಲಾರಿಯವರು, ಕೋಲ್ಡ್ ಸ್ಟೋರೇಜಿನವರು, ಕಾಗಿನೆಲೆಯಿಂದ ಹಳೆಯ ಮಾಲು ತಂದ ರೈತರು ಎಲ್ಲರೂ ಒತ್ತಿದರು. ಅವರೆಲ್ಲರ ಮೊಬೈಲಿನಲ್ಲಿ ‘ಘಾಟು’ ಕೆಂಪಗೆ ಹೊಳೆಯುತ್ತಿತ್ತು. ನನ್ನ ಕಂಪ್ಯೂಟರಿನಲ್ಲಿ ಮಾತ್ರ ಅದು ಇನ್ನೂ ಹುಟ್ಟಿರಲಿಲ್ಲ.

ದೀಪಾವಳಿಗೆ ಅಳಿಯ, ಮಗಳು, ಬೀಗರು ಎಲ್ಲ ಬಂದರು. ಬೀಗರು ನನ್ನ ಕೈ ಹಿಡಿದು, “ಕಂಪ್ಯೂಟರ್ ಮುಚ್ಚಸೂ ಮಾತ ಇಲ್ರಿನ್ನ. ಊರಿಗೂರಽ ನಿಂತೈತಿ ಅಂದ್ರ ಅದರಾಗ ಏನೋ ಇರಬೇಕು” ಎಂದರು. ಗಿರಿಜಾ ನನ್ನ ಎಲೆಗೆ ಕೇಳದೆಯೇ ಇನ್ನೊಂದು ಹೋಳಿಗೆ ಹಾಕಿದಳು. ಆದರೆ ಅಳಿಯನ ಮುಖ ಅರಳಿರಲಿಲ್ಲ. ಊಟವಾದ ಮೇಲೆ ಪಡಸಾಲೆಯ ಮೂಲೆಗೆ ನನ್ನನ್ನು ಕರೆದೊಯ್ದು ಮೆಲ್ಲಗೆ ಹೇಳಿದ: “ಮಾವಾರ, ನಿಮ್ಮ ಯಾರ್ಡಿನ ಮಂದಿ ನನ್ನ ಕುಂದ್ರಾಕ ಬಿಡವಲ್ರು. ಆಟದ ಪುಟದಾಗ ದಿನಾ ಬರೀತಾರ. ಬ್ಯಾಡಗಿ ಮೆಣಸಿನಕಾಯಿಗೆ ಬಣ್ಣ ಐತಿ, ಘಾಟ್ ಎಲ್ಲೈತಿ, ಹೆಸರಽ ತಪ್ಪು ಅಂತ ಖಾದರಭಾಯಿ. ಕಾಯಿಗೆ ಸುಕ್ಕಿಲ್ಲ, ಇದು ನಮ್ಮ ಮಾಲಽ ಅಲ್ಲ ಅಂತ ಇನ್ನೊಬ್ರು. ಕೆಲಸಾ ಸುರು ಮಾಡೂವಾಗ ಸೀನಿದ್ರ ಅಪಶಕುನ, ಸೀನು ತಗೀರಿ ಅಂತಾರ. ಸೀನು ತಗದ್ರ ಆಟ ಏನುಳೀತು? ಅವರ ಮನಸ್ಸಿಗೆ ಬ್ಯಾಸರ ಆಗಧಂಗ, ಗೊತ್ತಽ ಆಗಧಂಗ, ಒಂದಿಷ್ಟು ಮಂದಿನ್ನ ಬಿಡಿಸಾಕ ಬರತೈತೇನ್ರಿ?”

ಯಾರಿಗೂ ಗೊತ್ತಾಗದಂತೆ ಬಿಡುವ ವಿಷಯದಲ್ಲಿ ಇಡೀ ತಾಲ್ಲೂಕಿನಲ್ಲಿ ಅನುಭವವುಳ್ಳವನು ನಾನೊಬ್ಬನೇ. ಆದರೂ ಆಕಾಶ ನೋಡಿ, “ನನಗೇನ್ ತಿಳೀತೈತ್ರಿ ಇವೆಲ್ಲ” ಎಂದೆ.

“ಹೋಗ್ಲಿ ಬಿಡ್ರಿ. ನಡೀರಿ ಅಂಗಡಿಗೆ. ಇವತ್ತ ಹೊಸ ಚಿತ್ರ ಹಾಕೇನಿ, ಸುಕ್ಕು ಸಹಿತ. ಫಾಲೋ ಮಾಡಿದವರಿಗೆ ಹೆಂಗ ಕಾಣಸತೈತಿ, ನಿಮ್ಮ ಕಂಪ್ಯೂಟರಿನ್ಯಾಗ ನೋಡೋಣು.”

ಮನೆಯಿಂದ ಅಂಗಡಿ ನಾಲ್ಕು ಹೆಜ್ಜೆ. ಆ ದಾರಿಯಲ್ಲಿ ನಾನು ಕುಲದೇವರಿಂದ ಹಿಡಿದು ಊರ ಗಡಿಯ ಕಲ್ಲಿನವರೆಗೆ ಎಲ್ಲರಿಗೂ ಹರಕೆ ಹೊತ್ತೆ. ಬಾಗಿಲು ತೆಗೆದೆ. ತಕ್ಕಡಿ, ಖಾತೆ ಪುಸ್ತಕಗಳ ನಡುವೆ ಕಂಪ್ಯೂಟರು ಅರಿಶಿನ ಕುಂಕುಮ ಬಳಿದುಕೊಂಡು, ಚೆಂಡು ಹೂವಿನ ಮಾಲೆ ಧರಿಸಿ, ಎರಡೂ ಕಡೆ ಬಾಳೆಯ ಕಂದುಗಳ ನಡುವೆ ವಿರಾಜಮಾನವಾಗಿತ್ತು. ಹಿಂದಿನ ದಿನ ಲಕ್ಷ್ಮೀಪೂಜೆಗೆ ನಾನೇ ಕೂಡಿಸಿದ್ದು. ಪೂಜೆ ಬಿಚ್ಚುವ ತನಕ ಅಂಗಡಿಯ ಯಾವ ಸಾಮಾನನ್ನೂ ಮುಟ್ಟಬಾರದು. ಇದು ವ್ಯಾಪಾರಿಗಳ ಮನೆಯ ಮಗನಾದ ಅಳಿಯನಿಗೂ ಗೊತ್ತು. ಅವನು ಚಪ್ಪಲಿ ಬಿಟ್ಟು ಕೈ ಮುಗಿದು, “ಲಕ್ಷ್ಮೀ ಕುಂತಾಳ, ಬಿಡ್ರಿ. ಪೂಜಿ ಬಿಚ್ಚಿದ ಮ್ಯಾಲೆ ಬಂದು ನೋಡತೇನಿ” ಎಂದ. ನಾನು ಅವನಿಗಿಂತ ತುಸು ಹೆಚ್ಚೇ ಬಾಗಿ ನಮಸ್ಕರಿಸಿದೆ.

ಈಗ ಯಾರ್ಡಿನಲ್ಲಿ ಹೊಸ ಮಾಲು ಬರತೊಡಗಿದೆ. ಟೆಂಡರಿನ ದರವನ್ನು ನಾನು ಖಾದರಭಾಯಿಯ ಕಟ್ಟೆಗೆ ಹೋಗಿ ಕೇಳಿಕೊಂಡು ಬರುತ್ತೇನೆ. ಉಳಿದವರೆಲ್ಲ ಮರುದಿನವೇ ಪೂಜೆ ಬಿಚ್ಚಿದರೂ ಇವರ ಅಂಗಡಿಯಲ್ಲಿ ಲಕ್ಷ್ಮಿ ಇನ್ನೂ ಎದ್ದಿಲ್ಲ, ಎಂಥ ಭಕ್ತಿ ಎಂದು ಜನ ಹೊಗಳುತ್ತಾರೆ. ಇಬ್ಬರು ವ್ಯಾಪಾರಿಗಳು ಬಂದು ವಿಧಿಯನ್ನು ಕೇಳಿಕೊಂಡೂ ಹೋದರು. ಅಳಿಯ ಮಾತ್ರ ವಾರಕ್ಕೊಮ್ಮೆ ಫೋನಿನಲ್ಲಿ, “ಬಿಚ್ಚಿದಿರೇನ್ರಿ ಮಾವಾರ?” ಎಂದು ಕೇಳುತ್ತಾನೆ. “ಇನ್ನೂ ಇಲ್ರಿ, ಒಳ್ಳೆ ಮುಹೂರ್ತ ನೋಡಾಕತ್ತೇನಿ” ಎನ್ನುತ್ತೇನೆ. ಹೂವು ಮಾತ್ರ ದಿನಾ ತಪ್ಪದೆ ಬದಲಿಸುತ್ತೇನೆ.