ಬಾಯಿ ನನ್ನದು, ದನಿ ಯಾರದೋ

ನಲವತ್ತು ವರ್ಷ ರಂಗದ ಮೇಲೆ ಹಾಡಿದ್ದೇನೆ, ಅತ್ತಿದ್ದೇನೆ, ಲೆಕ್ಕವಿಲ್ಲದಷ್ಟು ಸಲ ಸತ್ತಿದ್ದೇನೆ. ಒಮ್ಮೆಯಾದರೂ ಯಾರೂ ಅಡ್ಡಬರದೆ ಕೆಲಸ ಮುಗಿದದ್ದು ನೆನಪಿಲ್ಲ.

ಸಿನಿಮಾದವರು

ನಮ್ಮ ರಾಯಚೂರಿಗೆ ಶೂಟಿಂಗಿಗೆ ಬಂದವರು ನನಗೆ ನಾಯಕಿಯ ಚಿಕ್ಕಮ್ಮನ ಪಾತ್ರ ಕೊಟ್ಟರು. ಒಂದು ಹಾಡೂ ಇತ್ತು. "ಮೇಡಂ, ಇದು ರಾಯಚೂರಿನ ಕಥೆ. ನಿಮ್ಮ ಭಾಷೆಯಲ್ಲೇ ಮಾತಾಡಿ" ಎಂದರು ನಿರ್ದೇಶಕರು. ಮಾತಾಡಿದೆ.

ಸಿನಿಮಾ ಬಂದ ದಿನ ಕವಿತಾಳದಿಂದ ಅಕ್ಕನನ್ನು ಕರೆಸಿಕೊಂಡು ಹೋದೆ. ಪರದೆಯ ಮೇಲೆ ನಾನು ಬಾಯಿ ತೆರೆದರೆ ಯಾವಳದೋ ತೆಳ್ಳನೆಯ ದನಿ! ಹಾಡೂ ಅವಳದೇ.

"ಆವಾಗ ನಿನಗ ನೆಗಡಿ ಆಗಿತ್ತೇನ?" ಎಂದಳು ಅಕ್ಕ.

ಉರಿದುಹೋಗಿ ನಿರ್ದೇಶಕರಿಗೆ ಫೋನು ಮಾಡಿದೆ. "ಏನ್ ಮಾಡೋದು ಮೇಡಂ, ನಿಮ್ಮ ಮಾತು ರಾಯಚೂರಿನವರ ಥರ ಕೇಳಿಸಲಿಲ್ಲ" ಎಂದರು.

ಅಕ್ಕಿ ಗಿರಣಿ

ಮಾನ್ವಿಯ ಸಾಹುಕಾರರೊಬ್ಬರು ಗಿರಣಿಯ ಹೊಸ ಮಿಷನ್ ಪೂಜೆಗೆ ವಚನ ಹಾಡಲು ಕರೆದಿದ್ದರು. ಕಣ್ಣು ಮುಚ್ಚಿ ಆಲಾಪ ಎತ್ತಿದ್ದೇ ತಡ, ಗುಡುಗಿದ ಹಾಗೆ ಸದ್ದು. ಮಿಷನ್ ಶುರು! ಹಾರ್ಮೋನಿಯಂ ಮೇಲೆಲ್ಲ ತೌಡು.

"ಸಾಹುಕಾರ್ರ, ಬಂದ್ ಮಾಡಸ್ರಿ ಅದನ್ನ!" ಎಂದು ಕೂಗಿದೆ.

"ಮುಹೂರ್ತ ಮಿಷನ್ನಿಂದು ಅದರಿ ಅಕ್ಕಾರ, ಹಾಡಿಂದಲ್ಲ. ನೀವು ನಡಸ್ರಿ!"

ಮೂರು ವಚನ ಗಂಟಲು ಹರಿಯುವಂತೆ ಹಾಡಿದೆ. ಕೊನೆಗೆ ಶಾಲು ಹೊದಿಸಿ ಮೈಕಿನಲ್ಲಿ ಹೇಳಿದರು: "ಇಂಥಾ ಹಾಡು ನಾವು ಎಂದೂ ಕೇಳಿಲ್ರಿ."

ಖರೆ ಮಾತು. ಅವತ್ತೂ ಕೇಳಿರಲಿಲ್ಲ.

ರೊಟ್ಟಿ

ದೇವದುರ್ಗದಲ್ಲಿ ನಾಟಕ. ಎರಡನೇ ಅಂಕ. ಹೊಲ ಕಳೆದುಕೊಂಡು ಹಸಿವಿನಿಂದ ಸಾಯುತ್ತಿರುವ ವಿಧವೆ ನಾನು. ಹೊಲ ನುಂಗಿದ ಗೌಡ ಎದುರಿಗೆ ನಿಂತು ನಗುತ್ತಿದ್ದಾನೆ. ನನ್ನ ಶೋಕಗೀತೆ ಏರುತ್ತಿದ್ದ ಹಾಗೆ, ಹತ್ತಿರದ ಜಾಲಹಳ್ಳಿಯಿಂದ ನಾಟಕ ನೋಡಲು ಬಂದಿದ್ದ ಅಜ್ಜಿಯೊಬ್ಬಳು ಬುತ್ತಿ ಗಂಟು ಹಿಡಿದು ಸೀದಾ ರಂಗ ಹತ್ತಿದಳು.

"ಆಮ್ಯಾಲ ಹಾಡೀಯಂತ. ಮೊದ್ಲ ಉಣ್ಣು ಮಗಳ."

"ಯವ್ವಾ, ಇದು ನಾಟಕ ಬೇ" ಎಂದು ಪಿಸುಗುಟ್ಟಿದೆ.

"ಗೊತ್ತದ. ನಾಟಕದೋರು ಉಣ್ಣಂಗಿಲ್ಲೇನು?"

ಗಂಟು ಬಿಚ್ಚಿದಳು. ಜೋಳದ ರೊಟ್ಟಿ, ಎಣ್ಣೆಗಾಯಿ. ಗೌಡನ ಪಾತ್ರದವನು ಬಸ್ಸು ಕೆಟ್ಟು ತಡವಾಗಿ ಬಂದು, ಬೆಳಗಿನಿಂದ ಏನೂ ತಿನ್ನದೆ ಬಣ್ಣ ಹಚ್ಚಿಕೊಂಡಿದ್ದ. ಅವನ ನಗು ನಿಂತಿತು. ಮೀಸೆ ಸರಿಮಾಡಿಕೊಂಡು ಹತ್ತಿರ ಬಂದ.

"ಯವ್ವಾ, ನನಗೊಂದು ರೊಟ್ಟಿ ಕೊಡ ಬೇ."

"ಮೊದ್ಲ ಆಕಿ ಹೊಲ ಆಕಿಗಿ ಕೊಡು!"

"ಕೊಡಲೇ, ಕೊಡು!" ಎಂದು ಜನವೆಲ್ಲ ಎದ್ದು ನಿಂತಿತು.

ನಾನು ಕಣ್ಸನ್ನೆಯಲ್ಲೇ ಬೇಡ ಬೇಡ ಎಂದೆ. ಅವನ ಕಣ್ಣು ಎಣ್ಣೆಗಾಯಿಯ ಮೇಲಿತ್ತು. ಕೋಟಿನ ಜೇಬಿನಿಂದ ಹೊಲದ ಕಾಗದ ತೆಗೆದು ನನ್ನ ಮಡಿಲಿಗೆ ಎಸೆದ. "ತೊಗೋ ನಿನ್ನ ಹೊಲ!" ಎಂದು ಚಕ್ಕಳಮಕ್ಕಳ ಹಾಕಿ ಕೂತು ರೊಟ್ಟಿ ಮುರಿದ.

ಜನ ಸಿಳ್ಳೆ ಹೊಡೆದು, ಚಪ್ಪಾಳೆ ತಟ್ಟಿ, ಸಮಾಧಾನದಿಂದ ಮನೆಗೆ ಹೊರಟಿತು. ನಾಟಕದ ಮೂರು ಅಂಕ ಇನ್ನೂ ಬಾಕಿ ಇದ್ದವು.